ಬೂದಿ ನಿಲ್ಲದ ಮನೆ

ನಮ್ಮ ಹೊಳೆಗೇರಿಯಲ್ಲಿ ವರ್ಷಕ್ಕೆ ಒಂದು ದಿನ ಎಲ್ಲರೂ ನನ್ನನ್ನು ಬೈಯುತ್ತಾರೆ. ಗಂಡಸರು, ಹೆಂಗಸರು, ನಿನ್ನೆ ಮೊನ್ನೆ ಮದುವೆಯಾಗಿ ಬಂದ ಸೊಸೆಯಂದಿರು, ಎಲ್ಲರೂ. ನಾನು ಬಾಯಿ ತೆರೆಯುವ ಹಾಗಿಲ್ಲ. ಊರು ಬರೆಯುವ ದಿನದ ಕಟ್ಟಳೆ ಅದು.

ಹರಿಹರದಿಂದ ಗುತ್ತೂರಿನ ಕಡೆಗೆ ಹೊಳೆದಂಡೆ ಹಿಡಿದು ನಡೆದರೆ, ಕಾರ್ಖಾನೆಗಳ ಕಾಂಪೌಂಡು ಮುಗಿದ ಮೇಲೆ ನಮ್ಮ ಕೇರಿ. ಕಾರ್ತಿಕದಲ್ಲಿ ಹೊಳೆ ಇಳಿದು ಮರಳು ಒಣಗಿದಾಗ ಊರು ಬರೆಯುತ್ತೇವೆ. ಬರೆಯುವವನನ್ನು ಗೆರೆಯವನು ಅನ್ನುತ್ತಾರೆ. ಅವನು ಬೆಳಗ್ಗೆ ಬರಿಗಾಲಲ್ಲಿ ಹೊರಡಬೇಕು. ಪ್ರತಿ ಮನೆಯವರೂ ಹೊಸ್ತಿಲ ಮುಂದೆ ನೀರು ಹೊಯ್ದಿರಬೇಕು. ಆ ಹಸಿ ನೆಲದಲ್ಲಿ ಅವನ ಹೆಜ್ಜೆ ಮೂಡಬೇಕು. ಎಲ್ಲ ಮನೆ, ಎಲ್ಲ ಓಣಿ ತುಳಿದಾದ ಮೇಲೆ, ಹೊತ್ತು ಮುಳುಗುವುದರೊಳಗೆ, ಮರಳಿನ ಮೇಲೆ ಬೂದಿಯಲ್ಲಿ ಊರನ್ನು ಗೆರೆ ಗೆರೆಯಾಗಿ ಬರೆಯಬೇಕು. ಮೊದಲ ಹೆಜ್ಜೆಯಿಂದ ಕೊನೆಯ ಚಿಟಿಕೆ ಬೂದಿ ಬೀಳುವವರೆಗೆ ಮಾತಿಲ್ಲ. ಮಾತಾಡಿದರೆ ಬರೆದದ್ದೆಲ್ಲ ಹಾಳು. ವರ್ಷದ ಸಿಟ್ಟನ್ನು ಜನ ಅವನ ಮೇಲೆ ಸುರಿಯುತ್ತಾರೆ. ಅವನು ಅದನ್ನು ಹೊತ್ತುಕೊಂಡು ಹೋಗಿ ಹೊಳೆಯಲ್ಲಿ ಮುಳುಗು ಹಾಕುತ್ತಾನೆ. ಇಷ್ಟು ಎಲ್ಲರಿಗೂ ಗೊತ್ತು.

ಗೊತ್ತಿಲ್ಲದ್ದು ಇನ್ನೊಂದಿದೆ. ಬರೆಯದೆ ಬಿಟ್ಟ ಮನೆ ಮರುದಿನ ಇರುವುದಿಲ್ಲ. ಅದು ಸುಡುವುದೂ ಇಲ್ಲ, ಕುಸಿಯುವುದೂ ಇಲ್ಲ. ಯಾರ ಕಾಲಿಗೂ ಸಿಗುವುದಿಲ್ಲ, ಯಾರ ನೆನಪಿಗೂ ಬರುವುದಿಲ್ಲ. ಗೆರೆಯವನೊಬ್ಬನಿಗೆ ಮಾತ್ರ ನೆನಪಿರುತ್ತದೆ. ಹಾಗಾಗಿ ನಾನು ಹೇಳಿದರೆ ಜನ ನಗುತ್ತಾರೆ. ಒಂದು ಮನೆ ಹೋಯಿತು ಅಂದರೆ ಯಾರದ್ದು ಅನ್ನುತ್ತಾರೆ. ಹೆಸರು ಹೇಳಿದರೆ ಅಂಥವರು ಇರಲೇ ಇಲ್ಲ ಅನ್ನುತ್ತಾರೆ.

ಕೆಂಚವ್ವ ಇದ್ದಳು. ಹುಣಸೆಮರದ ಬಲಕ್ಕೆ ಅವಳ ಮನೆ. ಬಾಗಿಲಿಗೆ ನೀಲಿ ಬಣ್ಣ. ಮೂವತ್ತನಾಲ್ಕು ವರ್ಷದ ಹಿಂದೆ, ಗೆರೆಯವನಾಗಿದ್ದ ಕಲ್ಲಪ್ಪಜ್ಜನ ಕಾಲು ಊದಿಕೊಂಡು ಮೊರ ನನ್ನ ಕೈಗೆ ಬಂದ ಮೊದಲ ವರ್ಷ ಅದು. ಬೂದಿ ತುಂಬುವ ಬಿದಿರಿನ ಮೊರ. ಕೆಂಚವ್ವ ಕಟ್ಟೆಯ ಹಿರಿಯರ ಎದುರಿಗೆ ನಿಂತು, ನೀವೆಲ್ಲ ಕಳ್ಳರು ಅಂದಿದ್ದಳು. ಸುಳ್ಳೇನೂ ಅಂದಿರಲಿಲ್ಲ. ಅವರು ನನ್ನನ್ನು ಕರೆದು, ಈ ಸಲ ಅವಳ ಮನೆ ಬರೆಯಬೇಡ, ಸ್ವಲ್ಪ ನಾಚಿಕೆಯಾಗಲಿ ಅಂದರು. ಅವಮಾನ ಮಾಡುವುದಕ್ಕಷ್ಟೇ ಅಂದುಕೊಂಡು ಬಿಟ್ಟೆ. ಮರುದಿನ ಅವಳ ಅಕ್ಕ ಒಂದು ರೊಟ್ಟಿ ಹೆಚ್ಚು ತಟ್ಟಿ, ಇದು ಯಾರಿಗೆ ತಟ್ಟಿದೆ ಅಂತ ತಾನೇ ಕೇಳಿಕೊಳ್ಳುತ್ತಿದ್ದಳು. ಹುಣಸೆಮರದ ಬಲಕ್ಕೆ ಎಕ್ಕದ ಗಿಡ ಎದ್ದಿತ್ತು.

ಕಲ್ಲಪ್ಪಜ್ಜನ ಹತ್ತಿರ ಓಡಿದೆ. ಹಾಸಿಗೆಯಲ್ಲೇ ನನ್ನ ಕೆನ್ನೆಗೆ ಹೊಡೆದ. ಆಮೇಲೆ ಹೇಳಿದ, "ಒಳಗಿದ್ದೋರು ನಿನ್ನ ಹೆಸರು ಹಿಡ್ದು ಕೂಗ್ಬೇಕು. ಆಗ ಮಾತ್ರ ನಿನ್ನ ಕಾಲಿಗೆ ದಾರಿ ಸಿಗ್ತೈತೆ. ಅವಳು ಕೂಗೋಳಲ್ಲ ಬಿಡು, ಹಟಮಾರಿ."

ಅಂದಿನಿಂದ ಪ್ರತಿ ಅಮಾವಾಸ್ಯೆಗೆ ಆ ಎಕ್ಕದ ಗಿಡದ ಮುಂದೆ ಕೂತು, ತಪ್ಪಾಯಿತು ಕೆಂಚವ್ವ, ಒಂದು ಸಲ ಕೂಗು ಅಂತ ಕೇಳಿಕೊಂಡಿದ್ದೇನೆ. ಊರು ಬರೆದ ದಿನ ಒಂದು ಹಿಡಿ ಬೂದಿ ಉಳಿಸಿ ಗಂಟು ಕಟ್ಟಿ ಇಡುತ್ತೇನೆ. ಅವಳು ಕೂಗಿದರೆ ತಕ್ಷಣ ಬರೆಯಲಿಕ್ಕೆ. ಅವಳು ಕೂಗಿಲ್ಲ. ಇನ್ನೊಂದು ಮನೆ ನನ್ನ ಕೈಯಿಂದ ಬಿಟ್ಟುಹೋಗಬಾರದು. ನನಗಿದ್ದ ಭಯ ಅದೊಂದೇ.

ಈ ವರ್ಷ ಬರೆಯುವ ದಿನಕ್ಕೆ ಮೂರು ದಿನ ಮುಂಚೆ ಉಜ್ಜನಪ್ಪ ಕಟ್ಟೆಯ ಹತ್ತಿರ ನನ್ನನ್ನು ತಡೆದ. ಅವನು ಮೆಕ್ಕೆಜೋಳದ ವ್ಯಾಪಾರಿ, ಕೇರಿಯಲ್ಲಿ ಎಲ್ಲಕ್ಕಿಂತ ದೊಡ್ಡ ಮನೆ ಅವನದು. ಅವನ ಕಾಂಪೌಂಡಿನ ಒಳಗೇ ಹಾದು ಹಿಂದುಗಡೆ ಇರುವ ತಿಪ್ಪಮ್ಮನ ಮನೆಗೆ ಓಣಿ ಹೋಗುತ್ತದೆ. ಕಾಂಪೌಂಡು ನಿನ್ನೆಯದು, ಓಣಿ ಹಳೆಯದು. ತಿಪ್ಪಮ್ಮ ಹರಿಹರದ ಬಸ್‌ಸ್ಟ್ಯಾಂಡಿನ ಹತ್ತಿರ ಮಿರ್ಚಿ ಮಂಡಕ್ಕಿ ಮಾರುವ ಹೆಂಗಸು.

"ಲೇ ಜಂಬ್ಯಾ, ಈ ಸಲ ತಿಪ್ಪಿ ಓಣಿ ಬರೀಬ್ಯಾಡ. ಗೋಡೌನಿನ ಪಾಯ ಅಲ್ಲಿಗೇ ಬರ್ತೈತೆ."

ನಮ್ಮಲ್ಲಿ ದಾರಿಯ ಜಗಳ ಬಂದರೆ ಬೂದಿಗೆರೆಯೇ ಸಾಕ್ಷಿ. ಗೆರೆಯಲ್ಲಿ ಇದ್ದರೆ ದಾರಿ, ಇಲ್ಲದಿದ್ದರೆ ಇಲ್ಲ. ಅವನಿಗೆ ಬೇಕಾದದ್ದು ಅಷ್ಟೇ.

"ಆಕಿ ಮನಿಗೆ ಹೆಂಗೆ ಹೋಗ್ಬೇಕು ಸಾವ್ಕಾರ್ರೆ?"

"ಹಾರಿ ಹೋಗ್ಲಿ. ಬಾಯಂತೂ ಗಿಡುಗನ ಬಾಯಿ ಐತೆ, ರೆಕ್ಕೆ ಒಂದು ಹಚ್ಕೊಳ್ಲಿ."

ಕಟ್ಟೆಯ ಮೇಲಿದ್ದವರು ನಕ್ಕರು.

"ಓಣಿ ತುಳೀದಿದ್ರೆ ಮನಿ ತುಳಿಯಾಕೆ ಆಗಲ್ರಿ. ಮನಿ ಬಿಟ್ರೆ ಮನಿನೇ ಹೋಗ್ತೈತೆ. ಕೆಂಚವ್ವಂದು ಹೋದಂಗೆ."

"ತೆಗದ ನೋಡ್ರಿ ಕೆಂಚವ್ವನ್ನ! ಯಾವ ಕೆಂಚವ್ವಲೇ? ಯಾರಾದ್ರೂ ನೋಡೀರೇನ್ರಪ್ಪಾ?"

"ಅಜ್ಜನ ಕನಸಿನಾಗಿನ ಹೆಂಡ್ತಿ ಇರ್ಬೇಕು ಬಿಡ್ರಿ," ಅಂದ ಬಸವಕಿರಣ್. ಊರು ಬರೆದ ಮೇಲೆ ದಂಡೆಯ ಮೇಲಿನಿಂದ ಮೊಬೈಲಿನಲ್ಲಿ ಫೋಟೋ ತೆಗೆದು ಇಡುವವನು ಅವನೇ. ಕೆಂಚವ್ವನ ಅಕ್ಕನ ಮೊಮ್ಮಗ. ಅವನ ಮೂಗು ಕೆಂಚವ್ವನದೇ ಮೂಗು.

"ಬರೀತೀನಿ ಸಾವ್ಕಾರ್ರೆ," ಅಂದೆ. "ತಿಪ್ಪಮ್ಮನ ಮನಿ ಬರೀತೀನಿ."

"ಹೆಂಗೆ ಬರೀತೀಯ ನಾನೂ ನೋಡ್ತೀನಿ," ಅಂದ ಉಜ್ಜನಪ್ಪ.

ಮರುದಿನ ಬೂದಿಗೆ ದಾವಣಗೆರೆಗೆ ಹೋದೆ. ಮಂಡಕ್ಕಿ ಭಟ್ಟಿಯಲ್ಲಿ ಭತ್ತದ ಹೊಟ್ಟು ಉರಿಸುತ್ತಾರಲ್ಲ, ಆ ಬೂದಿಯೇ ಆಗಬೇಕು. ಹಗುರ, ಆದರೆ ತುಳಿದ ನೆಲದ ಗೆರೆಗೆ ಕಚ್ಚಿ ನಿಲ್ಲುತ್ತದೆ. ವಯಸ್ಸಿನಲ್ಲಿ ನಾನು ದುಡಿದ ಭಟ್ಟಿಯನ್ನು ಈಗ ಸಬಾ ನೋಡಿಕೊಳ್ಳುತ್ತಾಳೆ. ನನ್ನ ಮುಖ ಕಂಡದ್ದೇ ಶುರು ಮಾಡಿದಳು.

"ಬಂದ್ರಾ ಅಜ್ಜ? ಇನ್ನೂ ಹೋಗಿಲ್ವಾ ನೀವು? ಈ ಸಲ ಯಾರ ಮನಿ ನುಂಗ್ತೀರಿ?"

"ಯಾರದ್ದೂ ಇಲ್ಲಮ್ಮ."

"ಹಂಗಂದ್ರೆ ಬೂದಿ ಯಾಕ? ತಲಿ ಮ್ಯಾಲೆ ಸುರ್ಕೊಳ್ರಿ." ಬೈಯುತ್ತಲೇ ಜರಡಿ ಹಿಡಿದು, ಹರಳಿಲ್ಲದ ಬೂದಿಯನ್ನು ಚೀಲಕ್ಕೆ ತುಂಬಿಕೊಟ್ಟಳು. ಪ್ರತಿ ವರ್ಷವೂ ಹೀಗೆಯೇ. ಅವಳು ಜರಡಿ ಹಿಡಿಯದೆ ಕೊಟ್ಟದ್ದಿಲ್ಲ, ಬೈಯದೆ ಕೊಟ್ಟದ್ದೂ ಇಲ್ಲ.

ಬರೆಯುವ ದಿನ ಬೆಳಗ್ಗೆ ಹೊರಟೆ. ಮೊದಲ ಮನೆಯಲ್ಲೇ ಬೈಗುಳ ಬಿತ್ತು. ಹೋದ ವರ್ಷ ನಮ್ಮ ಬಚ್ಚಲು ಸೊಟ್ಟ ಬರದಿದ್ಯಲ್ಲ ಕುರುಡಾ. ಎರಡನೆಯ ಮನೆಯಲ್ಲಿ, ನಮ್ಮ ಎಮ್ಮೆ ಸತ್ತಿದ್ದು ನಿನ್ನ ಕಾಲ್ಗುಣ. ಮುಂದೆ ಒಬ್ಬಳು ಬರೀ ಕ್ಯಾಕರಿಸಿ ಉಗಿದಳು, ಮಾತಿಗೂ ನಾನು ಯೋಗ್ಯನಲ್ಲ ಅನ್ನುವ ಹಾಗೆ. ಹಸಿ ನೆಲ ತುಳಿದೆ, ಹೆಜ್ಜೆ ನೋಡಿದೆ, ಮುಂದೆ ನಡೆದೆ. ಬೈಗುಳ ಮೈಗೆ ಹತ್ತುವುದಿಲ್ಲ. ಎಲ್ಲಿ ನೀರು ಹೊಯ್ದಿಲ್ಲವೋ ಅಂತ ಕಣ್ಣು ನೆಲದ ಮೇಲೇ ಇರುತ್ತದೆ.

ಉಜ್ಜನಪ್ಪನ ಗೇಟಿಗೆ ಬೀಗ ಬಿದ್ದಿತ್ತು.

ಅವನು ಒಳಗೆ ಜಗಲಿಯ ಮೇಲೆ ಕುರ್ಚಿ ಹಾಕಿಕೊಂಡು ಕೂತಿದ್ದ. ಪಕ್ಕದಲ್ಲಿ ಕಪ್ಪು ನಾಯಿ. ಕಾಂಪೌಂಡಿನ ಮೇಲೆ ಗಾಜಿನ ಚೂರು ಹೊಸದಾಗಿ ನೆಟ್ಟಿದ್ದ.

"ಬಾರಲೇ, ಓಣಿ ತುಳಿ ಈಗ! ಕೀಲಿ ಕೇಳ್ತೀಯಾ? ಕೀಲಿ ಇಲ್ಲಿಲ್ಲ. ಕಸ್ತೂರಿ ಸೆರಗಿನ ಗಂಟಿನಾಗೆ ದಾವಣಗೆರೆಗೆ ಹೋಗೈತೆ, ಅವ್ಳ ತಂಗಿ ಮನಿಗೆ. ಆಕಿ ಇದ್ದಿದ್ರೆ ನಿನ್ನ ಹಾಳು ಮುಖ ನೋಡಿ ತೆಗದಿರೋಳು. ಅದಕ್ಕೇ ಅಟ್ಟೀನಿ."

ಕಸ್ತೂರಮ್ಮ ಅವನ ಹೆಂಡತಿ. ಪ್ರತಿ ವರ್ಷ ಅವಳೇ ಆ ಹೊಸ್ತಿಲಿಗೆ ನೀರು ಹೊಯ್ಯುವವಳು. ಉಜ್ಜನಪ್ಪ ಆ ಹೊತ್ತಿಗೆ ಮಲಗಿರುತ್ತಿದ್ದ. ತಿಪ್ಪಮ್ಮನ ಓಣಿಯನ್ನು ಮುಚ್ಚಿದ ಬೀಗ ತನ್ನ ಹೊಸ್ತಿಲನ್ನೂ ಮುಚ್ಚಿತು ಅನ್ನುವುದು ಅವನಿಗೆ ಹೊಳೆದೇ ಇರಲಿಲ್ಲ. ಅಷ್ಟು ದೊಡ್ಡ ಮನೆ, ಗೆರೆಯವನು ಕಣ್ಣಲ್ಲಿ ನೋಡಿಯೇ ಬರೆದುಕೊಳ್ಳುತ್ತಾನೆ ಅಂದುಕೊಂಡಿದ್ದ.

ನಾನು ಮಾತಾಡುವ ಹಾಗಿಲ್ಲ. ಅವನ ಹೊಸ್ತಿಲ ಕಡೆಗೆ ಬೆರಳು ತೋರಿಸಿದೆ. ನನ್ನ ಪಾದ ಮುಟ್ಟಿ ತೋರಿಸಿದೆ. ಮತ್ತೆ ಹೊಸ್ತಿಲು ತೋರಿಸಿದೆ.

"ಏನ್ ಕೋತಿ ಕುಣಿದಂಗೆ ಕುಣೀತೀಯ?" ಅಂದ. ನಾಯಿಯನ್ನು ಛೂ ಬಿಟ್ಟ. ಅದು ಗೇಟಿನ ಸಂದಿಯಲ್ಲಿ ಮೂತಿ ತೂರಿಸಿ ನನ್ನ ಕೈ ಮೂಸಿ ಬಾಲ ಅಲ್ಲಾಡಿಸಿತು. ಅದಕ್ಕೂ ಒಂದು ಬೈಗುಳ ಬಿತ್ತು.

ತಿಪ್ಪಮ್ಮನ ಮನೆಗೆ ಹೊಳೆಯ ಕಡೆಯಿಂದ ಜಾಲಿಯ ಪೊದೆಯಲ್ಲಿ ನುಗ್ಗಿ ಹೋದೆ. ಅವಳು ಮುಂದಿನ ಬಾಗಿಲಿಗೂ ಹಿತ್ತಲಿಗೂ ನೀರು ಹೊಯ್ದು ಸೊಂಟದ ಮೇಲೆ ಕೈ ಇಟ್ಟು ನಿಂತಿದ್ದಳು.

"ಬಂದ್ಯಾ ಮುದಿಯಾ? ಕಳ್ಳನಂಗೆ ಹಿಂದಿನಿಂದ? ಆ ಸಾವ್ಕಾರನ ಮೀಸೆಗೆ ಹೆದ್ರಿದ್ಯಲ್ಲ, ಥೂ!" ಅಷ್ಟರಲ್ಲಿ ನನ್ನ ಕಾಲಿನ ರಕ್ತ ಕಂಡಿತು. "ಅರಿಷಿಣ ಹಚ್ಲೇನು? ಬ್ಯಾಡ ಬಿಡು. ನಿನ್ನಂಥೋನಿಗೆ ಮುಳ್ಳೇ ಸರಿ." ಹಾಗಂದು ಒಳಗೆ ಹೋಗಿ ಅರಿಷಿಣದ ಬಟ್ಟಲು ತಂದಳು. ನಾನು ತಲೆ ಅಲ್ಲಾಡಿಸಿದೆ. ಆ ದಿನ ಕಾಲಿಗೆ ಏನೂ ಹಚ್ಚುವ ಹಾಗಿಲ್ಲ. ರಕ್ತದ ಹೆಜ್ಜೆಯೇ ಅವಳ ಹೊಸ್ತಿಲಲ್ಲಿ ಮೂಡಿತು.

ಮಧ್ಯಾಹ್ನ ಮರಳಿಗೆ ಇಳಿದು ಬರೆಯತೊಡಗಿದೆ. ಒಂದೊಂದು ಮನೆಯೂ ಕೂತಿತು. ಜಾಲಿಯ ನಡುವೆ ನಾನು ನುಗ್ಗಿದ ದಾರಿಯೇ ತಿಪ್ಪಮ್ಮನ ಹೊಸ ಓಣಿಯಾಯಿತು. ಉಜ್ಜನಪ್ಪನ ಮನೆಯ ಜಾಗಕ್ಕೆ ಬಂದೆ. ಬೂದಿ ಬಿಟ್ಟೆ, ಹಾರಿಹೋಯಿತು. ಗಾಳಿಯೇ ಇರಲಿಲ್ಲ. ಮತ್ತೆ ಬಿಟ್ಟೆ. ಇರುವೆ ಸಾಲು ಚದುರುವ ಹಾಗೆ ಬೂದಿ ಆ ಕಡೆ ಈ ಕಡೆ ಸರಿದು, ಮರಳು ಬರಿದಾಗಿ ಉಳಿಯಿತು. ಕಾಲು ಮುಟ್ಟದ ನೆಲವನ್ನು ಬೂದಿ ಒಪ್ಪುವುದಿಲ್ಲ.

ದಂಡೆಯ ಮೇಲಿನಿಂದ ಬಸವಕಿರಣ್ ಕೂಗಿದ, "ಅಜ್ಜ, ಸಾವ್ಕಾರ್ರ ಮನಿ ಜಾಗ ಖಾಲಿ ಐತಲ್ಲೋ! ಸೇಡು ತೀರಿಸ್ಕೊಳ್ಳಾಕ್ಕೆ ಹತ್ತಿಯೇನು?"

ಮೊರ ಅಲ್ಲೇ ಇಟ್ಟು ಮತ್ತೆ ಗೇಟಿಗೆ ಓಡಿದೆ. ಹೊತ್ತು ಕಾರ್ಖಾನೆಯ ಚಿಮಣಿಗೆ ತಾಗಿತ್ತು. ಗೇಟಿನ ಸರಳಿಗೆ ಹಣೆ ಹಚ್ಚಿ ಕೈ ಮುಗಿದೆ. ಉಜ್ಜನಪ್ಪ ಚಹಾದ ಲೋಟ ಹಿಡಿದು ಎದ್ದು ಬಂದ. ಅವನ ಮುಖದಲ್ಲಿ ಖುಷಿ ಇತ್ತು.

"ಬಾಯಿ ಬಿಡು. ತಪ್ಪಾತು ಸಾವ್ಕಾರ್ರೆ ಅನ್ನು. ಇಡೀ ಊರು ಕೇಳಂಗೆ ಅನ್ನು. ಬೀಗ ಒಡಸ್ತೀನಿ."

ತುಟಿಯವರೆಗೂ ಬಂದಿತ್ತು. ಅಂದಿದ್ದರೆ ಅವನ ಮನೆಯೊಂದು ಉಳಿದು, ಮರಳಿನ ಮೇಲೆ ಬರೆದ ಊರೆಲ್ಲ ಹೋಗುತ್ತಿತ್ತು. ಅವನು ಹೇಳಿಸಿಕೊಂಡು ಬೀಗ ಒಡೆಸುತ್ತಿದ್ದನೋ ಇಲ್ಲವೋ, ಅದನ್ನೂ ಹೇಳಲಾರೆ. ತುಟಿ ಕಚ್ಚಿಕೊಂಡೆ. ಅವನು ಲೋಟದಲ್ಲಿ ಉಳಿದ ಚಹಾವನ್ನು ಸರಳಿನ ಸಂದಿಯಿಂದ ನನ್ನ ಎದೆಗೆ ಎರಚಿದ.

ವಾಪಸು ಹೋಗಿ ಕೊನೆಯ ಚಿಟಿಕೆ ಬೂದಿ ಬಿಟ್ಟೆ. ಒಂದು ಹಿಡಿ ಉಳಿಸಿ ಗಂಟು ಕಟ್ಟಿದೆ. ಹೊಳೆಯಲ್ಲಿ ಮುಳುಗು ಹಾಕಿ ಎದ್ದಾಗ ಹೊತ್ತು ಮುಳುಗಿತ್ತು.

ಮರುದಿನ ಉಜ್ಜನಪ್ಪನ ಜಾಗದಲ್ಲಿ ಮನೆ ಇರಲಿಲ್ಲ. ಕಾಂಪೌಂಡಿಲ್ಲ, ಗೇಟಿಲ್ಲ. ಪಾರ್ಥೇನಿಯಂ ಬೆಳೆದ ಖಾಲಿ ಜಾಗ. ಅದರ ಅಂಚಿನಲ್ಲಿ ಎರಡು ಮೇಕೆ. ಬಸವಕಿರಣ್ ಮೊಬೈಲಿನ ಫೋಟೋ ತೋರಿಸಿ, "ಎಲ್ಲಾ ಸರಿಯಾಗಿ ಕುಂತೈತೆ ಅಜ್ಜ, ಒಂದು ಮನಿನೂ ಬಿಟ್ಟಿಲ್ಲ," ಅಂದ. ಜಾಗ ಖಾಲಿ ಅಂತ ಹಿಂದಿನ ದಿನ ಕೂಗಿದ್ದವನು ಅವನೇ.

ಹನ್ನೆರಡರ ಬಸ್ಸಿಗೆ ಕಸ್ತೂರಮ್ಮ ಬಂದಳು. ಕೈಯಲ್ಲಿ ಬ್ಯಾಗು. ಆ ಜಾಗದ ಮುಂದೆ ನಿಂತಳು. ನಿಂತೇ ಇದ್ದಳು. ತನ್ನ ಹೆಸರು ಗೊತ್ತಿತ್ತು, ತಂಗಿಯ ಮನೆ ಗೊತ್ತಿತ್ತು. ಇಲ್ಲಿ ಬಸ್ಸು ಇಳಿದದ್ದು ಯಾಕೆ ಅನ್ನುವುದು ಗೊತ್ತಿರಲಿಲ್ಲ. ಸೆರಗಿನ ಗಂಟು ಬಿಚ್ಚಿ ಕೀಲಿ ನೋಡಿದಳು.

"ಇದು ಯಾವ ಬೀಗದ್ದು?" ಅಂತ ನನ್ನನ್ನೇ ಕೇಳಿದಳು.

ನಾನು ಹೇಳಿದೆ. ಗಂಡನ ಹೆಸರೂ ಹೇಳಿದೆ. ಹುಚ್ಚನನ್ನು ನೋಡುವ ಹಾಗೆ ನೋಡಿ ಎರಡು ಹೆಜ್ಜೆ ಹಿಂದೆ ಸರಿದಳು.

ಅವಳನ್ನು ಒಳಗೆ ಕರೆದುಕೊಂಡದ್ದು ತಿಪ್ಪಮ್ಮ. "ದಾರಿ ತಪ್ಪಿದೋರ ಹಂಗೆ ಕಾಣ್ತೀರಿ. ಇರ್ರಿ ನಾಕು ದಿನ. ಆದ್ರೆ ಕುಂತು ಉಣ್ಣಾಕ್ಕೆ ಇದು ಸಾವ್ಕಾರ್ರ ಮನಿ ಅಲ್ಲ. ಮೆಣಸಿನಕಾಯಿ ಸೀಳ್ರಿ." ಮೈಮೇಲಿನ ಬಂಗಾರದ ಸಮೇತ ಕಸ್ತೂರಮ್ಮ ಕೂತು ಮೆಣಸಿನಕಾಯಿ ಸೀಳಿದಳು. ರಾತ್ರಿ ಕೈ ಉರಿಗೆ ಅತ್ತಳಂತೆ. ಕೈ ಉರಿಗೇ ಅತ್ತದ್ದೋ ಅಲ್ಲವೋ ಗೊತ್ತಾಗಲಿಲ್ಲ ಅಂದಳು ತಿಪ್ಪಮ್ಮ.

ನಾನು ದಿನಾ ಆ ಖಾಲಿ ಜಾಗಕ್ಕೆ ಹೋಗಿ ಕೂತೆ. ಮೊದಲ ದಿನ ಕೆಂಚವ್ವನಿಗೆ ಹೇಳಿದ ಹಾಗೇ ಹೇಳಿದೆ. ತಪ್ಪಾಯಿತು ಸಾವ್ಕಾರ್ರೆ, ನನ್ನ ಹೆಸರು ಹಿಡಿದು ಕರೀರಿ. ನಾಯಿ ಬೊಗಳಿದ್ದು ದೂರದಿಂದ ಕೇಳಿಸಿತು. ಕುರ್ಚಿ ಎಳೆದದ್ದು ಕೇಳಿಸಿತು. ಕೊನೆಗೂ ನಾನು ತಪ್ಪಾಯಿತು ಅಂದದ್ದಕ್ಕೆ ಅವನು ಹಾಯಾಗಿ ಕೂತು ಕೇಳುತ್ತಿದ್ದಾನೆ ಅನ್ನಿಸಿತು. ಎರಡನೆಯ ದಿನವೂ ಹಾಗೇ. ಮೂರನೆಯ ದಿನ ನನಗೇ ಸಿಟ್ಟು ಬಂತು. ಹೆಸರು ಹಿಡಿದು ಕೂಗಬೇಕು ಅಂದಿದ್ದ ಕಲ್ಲಪ್ಪಜ್ಜ. ಪ್ರೀತಿಯಿಂದ ಕೂಗಬೇಕು ಅಂದಿರಲಿಲ್ಲ.

ಮೂವತ್ತನಾಲ್ಕು ವರ್ಷ ಬೈಸಿಕೊಂಡವನು ನಾನು. ಬೈಗುಳವೆಲ್ಲ ಒಂದೂ ಬಿಡದೆ ನೆನಪಿತ್ತು. ಶುರು ಮಾಡಿದೆ.

"ಏನ್ ಸಾವ್ಕಾರ್ರೆ, ಹೆಂಡ್ತಿಗೆ ಹೆದರಿ ಕೀಲಿ ಆಕಿ ಕೈಗೇ ಕೊಟ್ಟು ನೀವೇ ಒಳಗೆ ಸಿಕ್ಕಿಬಿದ್ರಲ್ಲ. ಬೋನಿನಾಗಿನ ಇಲಿಗೂ ನಿಮ್ಗಿಂತ ಬುದ್ಧಿ ಐತೆ."

ಹಲ್ಲು ಕಡಿದದ್ದು ಕೇಳಿಸಿತು. ಹೆಸರು ಬರಲಿಲ್ಲ.

ಒಂದು ವಾರ ಬೈದೆ. ಮೀಸೆ, ಹೊಟ್ಟೆ, ಮೋಸದ ತೂಕದ ಕಲ್ಲು, ಮದುವೆಯಲ್ಲಿ ಜಾರಿ ಬಿದ್ದದ್ದು, ಒಂದನ್ನೂ ಬಿಡಲಿಲ್ಲ. ಒಳಗಿನಿಂದ "ಲೇ" ಅಂತ ಬರುತ್ತಿತ್ತು, ಅಲ್ಲಿಗೇ ನಿಲ್ಲುತ್ತಿತ್ತು. ಕರೀರಿ ಅಂತ ನಾನೇ ಕೇಳಿಕೊಂಡ ಮೇಲೆ ನನ್ನ ಹೆಸರನ್ನು ಬಾಯಿಗೆ ತಂದುಕೊಳ್ಳುವುದೂ ಅವನಿಗೆ ಸೋಲಾಗಿತ್ತು. ಖಾಲಿ ಜಾಗಕ್ಕೆ ಬೈಯುವ ಅಜ್ಜನನ್ನು ನೋಡಲು ಕಟ್ಟೆಯವರು ಬಂದು ನಿಂತು, ಪಾಪ, ಮುಗೀತು ಇವನ ಕಥೆ ಅಂದರು.

ಒಂಬತ್ತನೆಯ ದಿನ ಕಸ್ತೂರಮ್ಮ ಅಲ್ಲಿಗೆ ಬಂದಳು. ಬೆರಳಿಗೆ ಬಟ್ಟೆ ಸುತ್ತಿಕೊಂಡಿದ್ದಳು.

"ಅಜ್ಜಾರೆ, ಹಂಗೆಲ್ಲಾ ಬೈಬ್ಯಾಡ್ರಿ."

"ಯಾರನ್ನ ಬೈಯಾಕ್ಕೆ ಹತ್ತೀನಿ ಅಂತ ಗೊತ್ತೇನವ್ವ?"

"ಗೊತ್ತಿಲ್ರಿ. ಆದ್ರೆ ಆ ತೂಕದ ಕಲ್ಲಿನ ಮಾತು ಕೇಳಿದ್ರೆ ಹೊಟ್ಟಿಯೊಳಗೆ ಬೆಂಕಿ ಬೀಳ್ತೈತೆ ನನಗೆ."

ಒಳಗೆ ಕುರ್ಚಿ ಉರುಳಿದ ಸದ್ದಾಯಿತು. ಹೆಂಡತಿಯ ದನಿ ಅವನಿಗೆ ಕೇಳಿಸಿತ್ತು. ಆಗ ನನಗೆ ದಾರಿ ಹೊಳೆಯಿತು. ಗಂಟಲು ಏರಿಸಿ ಹೇಳಿದೆ.

"ಕಸ್ತೂರವ್ವ, ಆ ಕೀಲಿ ಇಟ್ಕೊಂಡು ಏನ್ ಮಾಡ್ತೀಯ? ಬೀಗ ಇಲ್ಲ, ಮನಿ ಇಲ್ಲ, ಗಂಡ ಇಲ್ಲ. ಹೊಳಿಗೆ ಒಗೆದು ಬಿಡು. ತಿಪ್ಪಮ್ಮನ ಜತಿಗೆ ಬಸ್‌ಸ್ಟ್ಯಾಂಡಿನಾಗೆ ಮಿರ್ಚಿ ಕರಕೊಂಡು ಆರಾಮಿರು. ಕೊಡು ಇಲ್ಲಿ, ನಾನೇ ಒಗೀತೀನಿ."

ಅವಳು ಗಂಟು ಬಿಚ್ಚಿದಳು. ಕೀಲಿ ನನ್ನ ಅಂಗೈಗೆ ಬಿತ್ತು.

"ಲೇ ಜಂಬಯ್ಯಾ!"

ಆ ಕೂಗಿಗೆ ಮೇಕೆಗಳು ಹೌಹಾರಿದವು. "ಲೇ ಜಂಬಯ್ಯಾ, ಆ ಕೀಲಿ ಹೊಳಿಗೆ ಒಗದ್ರೆ ನಿನ್ನ ಕೈ ಕಡದು ನಾಯಿಗೆ ಹಾಕ್ತೀನಲೇ, ಹಾಳಾದೋನೆ!"

ನನ್ನ ಹಣೆಗೆ ತಣ್ಣಗಿನ ಕಬ್ಬಿಣ ತಾಗಿತು. ಕಣ್ಣಿಗೆ ಇನ್ನೂ ಪಾರ್ಥೇನಿಯಮ್ಮೇ ಕಾಣುತ್ತಿತ್ತು, ಕೈಗೆ ಗೇಟು ಸಿಕ್ಕಿತ್ತು. ತಡಕಾಡಿ ಬೀಗ ಹುಡುಕಿ ಕೀಲಿ ತಿರುಗಿಸಿದೆ. ಒಳಗೆ ಕಾಲಿಟ್ಟೆ. ನಾಯಿ ಮೊಣಕಾಲಿಗೆ ಬಂದು ಬಿತ್ತು. ಹೊಸ್ತಿಲ ಮುಂದೆ ಜಗಲಿಯ ಹೂಜಿಯ ನೀರು ಚೆಲ್ಲಿ ಬರಿಗಾಲಲ್ಲಿ ತುಳಿದೆ, ಸೊಂಟಕ್ಕೆ ಸಿಕ್ಕಿಸಿದ್ದ ಬೂದಿಯ ಗಂಟು ಬಿಚ್ಚಿ ಆ ಹೆಜ್ಜೆಯ ಸುತ್ತ ಬೂದಿಯ ಗೆರೆ ಎಳೆದೆ. ನಿಂತಿತು.

ಕಸ್ತೂರಮ್ಮ ಚಪ್ಪಲಿ ಬಿಟ್ಟು ಏನೂ ಆಗದವಳ ಹಾಗೆ ಒಳಗೆ ಬಂದಳು. "ಏನ್ರೀ ಇದು, ಮನಿ ತುಂಬಾ ಇಷ್ಟು ಧೂಳು? ಒಂದು ದಿನ ತಂಗಿ ಮನಿಗೆ ಹೋದ್ರೆ ಕಸಾನೂ ಹೊಡ್ಸಿಲ್ಲ." ಆಮೇಲೆ ಬೆರಳಿನ ಬಟ್ಟೆ ನೋಡಿಕೊಂಡಳು. ಗೇಟನ್ನು ತೆರೆದೇ ಬಿಟ್ಟಳು.

ಉಜ್ಜನಪ್ಪ ಒಣಗಿಹೋಗಿದ್ದ. ಜಗಲಿಯ ಕಂಬ ಹಿಡಿದು ನಿಂತಿದ್ದ. ಮೆತ್ತಗಾಗಿರಬಹುದು ಅಂತ ಅವನ ಮುಖ ನೋಡಿದೆ.

"ತೂಕದ ಕಲ್ಲಿನ ಮಾತು ಇನ್ನೊಂದು ಸಲ ಎತ್ತಿದ್ರೆ ಹಲ್ಲು ಉದುರಿಸ್ತೀನಿ," ಅಂದ. "ನಡಿ ಆಚಿಗೆ."

ತಿಪ್ಪಮ್ಮನ ಓಣಿಯ ವಿಷಯ ಅವನು ಎತ್ತಲಿಲ್ಲ. ಎತ್ತುವವನೇ. ಮುಂದಿನ ವರ್ಷಕ್ಕೆ ಇನ್ನೂ ಹೊತ್ತಿದೆ.

ಗಂಟಿನಲ್ಲಿ ಅರ್ಧ ಹಿಡಿ ಬೂದಿ ಉಳಿದಿತ್ತು. ನೆಟ್ಟಗೆ ಹುಣಸೆಮರದ ಹತ್ತಿರ ಹೋದೆ. ಎಕ್ಕದ ಗಿಡದ ಮುಂದೆ ಕೂತೆ. ಇಷ್ಟು ವರ್ಷ ಅಲ್ಲಿ ಕೈ ಮುಗಿದೇ ಮಾತಾಡಿದ್ದೆ. ತಪ್ಪಾಯಿತು ಅನ್ನುವವನನ್ನು ಹೆಸರು ಹಿಡಿದು ಯಾರು ಕೂಗುತ್ತಾರೆ? ಕೆಂಚವ್ವನಿಗೆ ಯಾವುದರಿಂದ ಸಿಟ್ಟು ನೆತ್ತಿಗೇರುತ್ತಿತ್ತು ಅನ್ನುವುದು ನನಗೆ ಚೆನ್ನಾಗಿ ನೆನಪಿದೆ.

ಗಂಟಲು ಸರಿಮಾಡಿಕೊಂಡೆ.

"ಏ ಕೆಂಚವ್ವ," ಅಂದೆ, "ನಿನ್ನ ಕೈ ರೊಟ್ಟಿ ಚಪ್ಪಲಿ ಅಟ್ಟೆಗೂ ಆಗ್ತಿರ್ಲಿಲ್ಲ. ನಿಮ್ಮಕ್ಕ ತಟ್ಟೋದೇ ರೊಟ್ಟಿ."

ಒಳಗೆ ಎಲ್ಲೋ ಪಾತ್ರೆಯೊಂದು ನೆಲಕ್ಕೆ ಬಡಿದ ಸದ್ದಾಯಿತು. ಚಪ್ಪಲಿ ಕಳಚಿ ಪಕ್ಕಕ್ಕಿಟ್ಟೆ.